ಕೆಂಡದೊಕ್ಕಲು: ಪದೇ ಪದೇ ಕೇಳುವ ಪ್ರಶ್ನೆಗಳು

ಮುರನಾಡು ಎಂಬ ಊರು ಎಲ್ಲೂ ಇಲ್ಲ. ಅದು ನಾನು ಕಟ್ಟಿದ ಲೋಕ. ಶಾಲೆಯಲ್ಲಿ ಮಧ್ಯಾಹ್ನದ ಊಟದ ನಂತರ ತೂಕಡಿಸುವ ಮಕ್ಕಳನ್ನು ಎಬ್ಬಿಸಿ ಕೂರಿಸಲು ಶುರು ಮಾಡಿದ ಕಥೆಗಳು ಅವು. ಆಮೇಲೆ ಬರೆದಿಡತೊಡಗಿದೆ. ಆ ನಾಡಿನ ಜನ ಬೆಂಕಿಯನ್ನು ನಂಬುವವರು. ಅವರ ಧರ್ಮದ ಹೆಸರು ಕೆಂಡದೊಕ್ಕಲು.

ಈಗ ಕಥೆಗಿಂತ ಜಾಸ್ತಿ ಪ್ರಶ್ನೆ ಬರುವುದು ಈ ಧರ್ಮದ ಬಗ್ಗೆ. ನಮ್ಮ ಕಾಸರಗೋಡಿನ ಬದಿಯಡ್ಕ ಪೇಟೆಯಲ್ಲಿ ಬಸ್ಸಿಗೆ ಕಾಯುವಾಗ ಕೇಳುತ್ತಾರೆ. ಮದುವೆ ಊಟದ ಪಂಕ್ತಿಯಲ್ಲಿ ಕೇಳುತ್ತಾರೆ. ಕಾಗದ ಬರೆಯುತ್ತಾರೆ, ಕಮೆಂಟು ಹಾಕುತ್ತಾರೆ. ಹೇಳಿ ಹೇಳಿ ನನ್ನ ಉತ್ತರ ಒಂದೊಂದು ಸಲ ಒಂದೊಂದು ಥರ ಆಗತೊಡಗಿತು. ಏಳನೇ ಕ್ಲಾಸಿನ ಒಬ್ಬಳು ಹುಡುಗಿ ಅದನ್ನು ಹಿಡಿದೂ ಬಿಟ್ಟಳು. ಹಾಗಾಗಿ ಒಂದು ಸಲ ಕೂತು ಎಲ್ಲವನ್ನೂ ಬರೆದಿದ್ದೇನೆ. ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲೇ ಬಿಟ್ಟಿದ್ದೇನೆ.

## ಮೊದಲು ಕೇಳುವವು

ಅಲ್ಲ ಮಾಷ್ಟ್ರೆ, ಈ ಕೆಂಡದೊಕ್ಕಲು ಅಂದ್ರೆ ಎಂತ? ಅಂಥವರು ನಿಜವಾಗಿ ಎಲ್ಲಾದರೂ ಇದ್ದಾರಾ?

ಇಲ್ಲ. ನಾಡೂ ಕಲ್ಪನೆ, ಧರ್ಮವೂ ಕಲ್ಪನೆ. ಹೆಸರು ಮಾತ್ರ ನಮ್ಮದು. ಒಕ್ಕಲು ಅಂದರೆ ಇನ್ನೊಬ್ಬರ ನೆಲದಲ್ಲಿ ಮನೆ ಕಟ್ಟಿ ಉತ್ತು ಬಿತ್ತು ಬದುಕುವವರು. ಮುರನಾಡಿನವರ ಲೆಕ್ಕದಲ್ಲಿ ನೆಲ, ಮನೆ, ಊರು ಎಲ್ಲವೂ ಕೆಂಡದ್ದು. ಮನುಷ್ಯರು ಅದರ ಒಕ್ಕಲು. ಗೇಣಿಯಾಗಿ ಕೊಡಬೇಕಾದದ್ದು ಎರಡೇ: ಸೌದೆ ಮತ್ತು ನಿದ್ದೆ. ಸೌದೆ ಎಲ್ಲರಿಗೂ ಅರ್ಥವಾಗುತ್ತದೆ. ನಿದ್ದೆಯ ವಿಷಯ ಮುಂದೆ ಬರುತ್ತದೆ.

ಬೆಂಕಿ ಅವರಿಗೆ ದೇವರಾ?

ದೇವರು ಅಂತ ಅವರು ಹೇಳುವುದಿಲ್ಲ. "ಅಣ್ಣ" ಅನ್ನುತ್ತಾರೆ. ನಮಗಿಂತ ಮೊದಲು ಹುಟ್ಟಿದವನು, ನಮ್ಮ ಹಾಗೆಯೇ ಉಸಿರಾಡುವವನು, ಉಣ್ಣುವವನು, ಸಾಯುವವನು. ವರ ಕೊಡುವುದಿಲ್ಲ, ಶಾಪ ಹಾಕುವುದಿಲ್ಲ. ಅವನನ್ನು ಏನಾದರೂ ಬೇಡುವುದು ಸಣ್ಣತನ ಎಂದು ಹಿರಿಯರು ಬೈಯುತ್ತಾರೆ. ನೋಡಿಕೊಳ್ಳುವುದಷ್ಟೇ ಕೆಲಸ.

ಇದು ನನ್ನ ತಲೆಗೆ ಬಂದದ್ದು ಅಜ್ಜಿಯ ಒಲೆಯಿಂದ. ರಾತ್ರಿ ಅಡಿಗೆ ಮುಗಿದ ಮೇಲೆ ಅಜ್ಜಿ ಒಂದು ದಪ್ಪ ಕೆಂಡದ ಮೇಲೆ ಬೂದಿ ಮುಚ್ಚುತ್ತಿದ್ದಳು. ಬೂದಿ ಗಾಳಿಯನ್ನು ತಡೆಯುತ್ತದೆ, ಬಿಸಿಯನ್ನು ಹಿಡಿಯುತ್ತದೆ. ಕೆಂಡ ಸಾಯದೆ, ಉರಿಯದೆ, ಬೆಳಗಿನವರೆಗೆ ಹಾಗೇ ಮಲಗಿರುತ್ತದೆ. ಬೆಳಿಗ್ಗೆ ಬೂದಿ ಸರಿಸಿ, ಒಣ ಮಡಲಿನ (ತೆಂಗಿನ ಗರಿಯ) ನಾಲ್ಕು ಎಲೆ ಇಟ್ಟು, ಊದುಗೊಳವೆಯಲ್ಲಿ ಊದಿದರೆ ಆಯಿತು. ಒಂದು ವೇಳೆ ಕೆಂಡ ಸತ್ತರೆ ಆಚೆಮನೆಗೆ ಗೆರಟೆ (ತೆಂಗಿನ ಚಿಪ್ಪು) ಹಿಡಿದು ಓಡಬೇಕು. ಬೆಂಕಿಕಡ್ಡಿ ಇತ್ತು, ಆದರೂ ಖರ್ಚು ಮಾಡುವ ಹಾಗಿರಲಿಲ್ಲ. ಅಜ್ಜಿ ಆ ಕೆಂಡಕ್ಕೆ ಕೈ ಮುಗಿದದ್ದನ್ನು ನಾನು ನೋಡಿಲ್ಲ. ಆದರೆ ಮಕ್ಕಳಿಗೆ ಹೊದೆಸುವ ಮೊದಲು ಅದಕ್ಕೆ ಹೊದೆಸುತ್ತಿದ್ದಳು.

ಆರು ತಿಂಗಳು ಮಳೆ ಬರುವ ನಾಡಿಗೆ ಬೆಂಕಿಯ ಧರ್ಮ ಯಾಕೆ? ಮರುಭೂಮಿಯಲ್ಲಿ ಇಟ್ಟಿದ್ದರೆ ಚಂದ ಇರ್ತಿತ್ತು.

ಹೊರಗಿನ ಓದುಗರು ಇದನ್ನು ಜಾಸ್ತಿ ಕೇಳುತ್ತಾರೆ. ನಮ್ಮ ಕಡೆಯವರು ಒಬ್ಬರೂ ಕೇಳಿಲ್ಲ. ಕಾಸರಗೋಡಿನಲ್ಲಿ ವರ್ಷಕ್ಕೆ 3,000 ಮಿಲಿಮೀಟರಿಗಿಂತ ಜಾಸ್ತಿ ಮಳೆ. ಆಟಿ ತಿಂಗಳಲ್ಲಿ, ಅಂದರೆ ಜುಲೈ-ಆಗಸ್ಟಿನ ಜಡಿಮಳೆಯಲ್ಲಿ, ಉಪ್ಪು ನೀರಾಗುತ್ತದೆ, ಹಗ್ಗದ ಮೇಲಿನ ಬಟ್ಟೆ ನಾಲ್ಕು ದಿನಕ್ಕೂ ಒಣಗುವುದಿಲ್ಲ, ಬೆಂಕಿಪೊಟ್ಟಣದ ಮದ್ದು ಗೀರಿದರೆ ಉದುರುತ್ತದೆ. ಅಂಥ ದಿನ ಬಚ್ಚಲಿನ ಹಂಡೆಯ ಒಲೆ ಮುಂದೆ ಕೂತವರಿಗೆ ಬೆಂಕಿಯ ಬೆಲೆ ಗೊತ್ತು. ಒಣ ನಾಡಿನಲ್ಲಿ ಬೆಂಕಿ ಎಲ್ಲಿ ಬೇಕಾದರೂ ಹೊತ್ತೀತು. ಹೊತ್ತದ ಹಾಗೆ ನೋಡಿಕೊಳ್ಳುವುದೇ ಅಲ್ಲಿಯ ಚಿಂತೆ. ಕಾಯಬೇಕಾದ ಬೆಂಕಿ ಇರುವುದು ಒದ್ದೆ ನಾಡಿನಲ್ಲಿ.

ಈ ಧರ್ಮ ಹುಟ್ಟಿದ್ದು ಹೇಗೆ? ಯಾರಾದರೂ ಗುರು ಇದ್ದರಾ?

ಗುರು ಇಲ್ಲ. ಇಬ್ಬರು ಸುರಂಗ ತೋಡುವವರು ಇದ್ದರು. ಅವರ ಹೆಸರೂ ಉಳಿದಿಲ್ಲ.

ನಮ್ಮ ಕಡೆಯ ಸುರಂಗ ಗೊತ್ತಿಲ್ಲದವರಿಗೆ ಒಂದು ಮಾತು. ಗುಡ್ಡದ ಬದಿಯಲ್ಲಿ ಮುರಕಲ್ಲನ್ನು (ಕೆಂಪು ಜಂಬಿಟ್ಟಿಗೆ ಕಲ್ಲು) ಅಡ್ಡಕ್ಕೆ ಕೊರೆದುಕೊಂಡು ಹೋಗುತ್ತಾರೆ. ಒಬ್ಬ ಮನುಷ್ಯ ನುಗ್ಗುವಷ್ಟೇ ಅಗಲ. ಒಳಗೆ ನೀರಿನ ಒಸರು ಸಿಕ್ಕಿದರೆ ಅದು ತಾನಾಗಿ ಹೊರಗೆ ಹರಿದು ಬರುತ್ತದೆ. ಪಂಪು ಬೇಡ, ಕರೆಂಟು ಬೇಡ. ಒಳಗೆ ಹೋಗುವವರು ಮೇಣದಬತ್ತಿಯನ್ನೋ ಚಿಮಣಿ ದೀಪವನ್ನೋ ಒಯ್ಯುತ್ತಾರೆ. ಬೆಳಕಿಗಾಗಿ ಮಾತ್ರ ಅಲ್ಲ. ಗಾಳಿಯಲ್ಲಿ ಆಮ್ಲಜನಕ ಇರುವುದು ಶೇಕಡಾ 21. ಅದು ಸುಮಾರು 16ಕ್ಕೆ ಇಳಿದರೆ ಬತ್ತಿ ಆರುತ್ತದೆ. ಮನುಷ್ಯನಿಗೆ ಆಗ ಏದುಸಿರು ಬರುತ್ತದೆ, ತಲೆ ಭಾರವಾಗುತ್ತದೆ. ಆದರೆ ಇನ್ನೂ ಕಾಲಿನ ಮೇಲೆ ಹೊರಗೆ ಬರಬಹುದು. ದೀಪ ಮಂಕಾಯಿತೋ, ಹಾರೆ ಬಿಟ್ಟು ಹೊರಗೆ ಬರಬೇಕು. (ಎಲ್ಲ ಕೆಟ್ಟ ಗಾಳಿಯನ್ನೂ ದೀಪ ಹೇಳುವುದಿಲ್ಲ. ಹೊಗೆಯ ವಿಷಾನಿಲ ಇದ್ದರೆ ದೀಪ ಉರಿಯುತ್ತಲೇ ಇದ್ದು ಮನುಷ್ಯ ಬೀಳಬಹುದು. ಇದನ್ನು ಓದಿ ಯಾರೂ ಹಳೆ ಸುರಂಗದೊಳಗೆ ಹೋಗಬೇಡಿ, ದಯವಿಟ್ಟು.)

ನನ್ನ ಕಥೆಯಲ್ಲಿ ಇಬ್ಬರು ಒಳಗೆ ಹೋಗುತ್ತಾರೆ. ದೀಪ ಆರುತ್ತದೆ. ಒಬ್ಬ ಹಿಂದೆ ಬರುತ್ತಾನೆ. ಇನ್ನೊಬ್ಬ "ಇನ್ನು ಎರಡು ಕೊಚ್ಚು" ಎಂದು ಅಲ್ಲೇ ಉಳಿಯುತ್ತಾನೆ. ಹೊರಗೆ ಬಂದವನು ಮೂರು ದಿನ ಮಾತಾಡುವುದಿಲ್ಲ. ನಾಲ್ಕನೇ ದಿನ ಆರಿದ ದೀಪವನ್ನು ಜಗಲಿಯ ಮೇಲಿಟ್ಟು, "ಮೊದಲು ಸತ್ತದ್ದು ಇವನು. ಸತ್ತು ನನಗೆ ಹೇಳಿದ" ಅನ್ನುತ್ತಾನೆ. ಕೆಂಡದೊಕ್ಕಲಿನ ಎಲ್ಲ ಆಚರಣೆಯೂ ಆ ಒಂದು ಸಾಲಿನಿಂದ ಬಂದದ್ದು. ಆ ದೀಪವನ್ನು ಮತ್ತೆ ಹೊತ್ತಿಸಿ ಅವನು ಸಾಯುವವರೆಗೆ ಆರಲು ಬಿಡಲಿಲ್ಲ. ಅವನ ನಂತರ ಮಗಳು, ಅವಳ ನಂತರ ಊರು. ಅದೇ ಈಗ ದೊಡ್ಡೊಲೆ.

ಪೂಜೆ ಹೇಗೆ ಮಾಡ್ತಾರೆ? ಮಂತ್ರ ಉಂಟಾ?

ಮಂತ್ರ ಇಲ್ಲ. ಎದುರು ಕೂತು ನೋಡುವುದೇ ಪೂಜೆ. ಇಲ್ಲಿ ನಾನು ತುಳುವಿನಿಂದ ಸಾಲ ಮಾಡಿದ್ದೇನೆ. ತುಳುವಿನಲ್ಲಿ ಬೆಂಕಿಗೂ "ತೂ" ಅನ್ನುತ್ತಾರೆ, ನೋಡು ಎನ್ನುವುದಕ್ಕೂ "ತೂ" ಅನ್ನುತ್ತಾರೆ. ಹವ್ಯಕರ ಮನೆಯಲ್ಲಿ ಕಿಚ್ಚು, ಮಲಯಾಳದಲ್ಲಿ ತೀ, ಕೊಂಕಣಿಯಲ್ಲಿ ಉಜ್ಜೊ. ಒಂದೇ ರಸ್ತೆಯ ನಾಲ್ಕು ಮನೆಯಲ್ಲಿ ನಾಲ್ಕು ಹೆಸರು. ಇಂಥ ಊರಿನಲ್ಲಿ ಹುಟ್ಟಿದವನಿಗೆ ಧರ್ಮಕ್ಕೊಂದು ಭಾಷೆ ಕಟ್ಟುವ ಕಷ್ಟ ಜಾಸ್ತಿ ಇಲ್ಲ.

## ಒಲೆ, ಸೌದೆ, ಸರದಿ

ಪೂಜಾರಿಗಳು ಯಾರು? ಒಂದು ಜಾತಿಯವರಾ?

ಮೊದಲು ನಾನೂ ಪೂಜಾರಿಗಳನ್ನೇ ಇಟ್ಟಿದ್ದೆ. ಕಾಯುವವರು ಅಲ್ವಾ ಅಂತ "ಕಾವಲಿಗರು" ಎಂದು ಹೆಸರಿಟ್ಟೆ. ಚಿಕ್ಕಮ್ಮ ಓದಿ, "ಎಂತ, ದೋಸೆ ಹೊಯ್ಯುವವರಾ?" ಅಂದಳು. ನಮ್ಮ ಕಡೆ ಕಾವಲಿ ಅಂದರೆ ದೋಸೆ ಕಲ್ಲು. ಆ ಹೆಸರು ಅಲ್ಲಿಗೇ ಬಿದ್ದುಹೋಯಿತು. ಒಳ್ಳೆಯದೇ ಆಯಿತು, ಯಾಕೆಂದರೆ ಹೆಸರಿನ ಜೊತೆ ಪೂಜಾರಿಗಳೂ ಹೋದರು.

ಈಗ ಇರುವುದು ಸರದಿ. ಹಗಲು ರಾತ್ರಿ ಸೇರಿ ಎಂಟು ಜಾವ, ಜಾವಕ್ಕೆ ಮೂರು ಗಂಟೆ. ಪ್ರತಿ ಮನೆಯಿಂದ ಒಬ್ಬರು ಜಾವಕ್ಕೊಬ್ಬರಂತೆ ದೊಡ್ಡೊಲೆಯ ಮುಂದೆ ಕೂರಬೇಕು. ಸೂರ್ಯ ಮುಳುಗಿದಾಗ ಮೊದಲ ಜಾವ. ನಡುರಾತ್ರಿಯಿಂದ ಶುರುವಾಗುವ ಮೂರನೇ ಜಾವ ಎಲ್ಲಕ್ಕಿಂತ ಕಷ್ಟದ್ದು. ಅದನ್ನು ದುಡ್ಡು ಕೊಟ್ಟು ಇನ್ನೊಬ್ಬರಿಗೆ ದಾಟಿಸುವ ಹಾಗಿಲ್ಲ. ಊರಿನ ಗುತ್ತಿನ ಯಜಮಾನನೂ ಕೂರಬೇಕು, ಅವನ ತೋಟದಲ್ಲಿ ಅಡಿಕೆ ಹೆಕ್ಕುವವನೂ ಕೂರಬೇಕು. ಅವರಿಗೆ ಧರ್ಮಗ್ರಂಥ ಎಂದು ಇರುವುದು ಒಂದೇ, ಜಾವದ ಪಟ್ಟಿ. ಯಾವ ರಾತ್ರಿ ಯಾರು ಕೂತರು ಎನ್ನುವ ಹೆಸರುಗಳು, ತಾಳೆಗರಿಯ ಕಟ್ಟುಗಟ್ಟಲೆ. ಬೇರೆ ಏನೂ ಇಲ್ಲ. ಹಬ್ಬದ ದಿನ ಅದನ್ನೇ ಗಟ್ಟಿಯಾಗಿ ಓದುತ್ತಾರೆ. ಮುತ್ತಜ್ಜನ ಹೆಸರು ಬಂದಾಗ ಮನೆಯವರು ಎದ್ದು ನಿಲ್ಲುತ್ತಾರೆ.

ಒಬ್ಬರು ಕಾಗದದಲ್ಲಿ ಕೇಳಿದ್ದರು, ಇದು ತೀರಾ ಒಣ ಧರ್ಮ ಅಲ್ವಾ ಅಂತ. ಇರಬಹುದು. ನಿದ್ದೆ ಬಿಟ್ಟವರ ಹೆಸರಿಗಿಂತ ಒಳ್ಳೆಯ ಸ್ತೋತ್ರ ನನಗೆ ಬರೆಯಲು ಬರಲಿಲ್ಲ.

ಹೆಂಗಸರಿಗೆ ಸರದಿ ಉಂಟಾ? ಅಥವಾ ಅಲ್ಲೂ ನಮಗೆ ಅಡಿಗೆಮನೆ ಮಾತ್ರವಾ?

ಉಂಟು. ಎಲ್ಲ ದಿನವೂ ಉಂಟು, ತಿಂಗಳ ಯಾವ ದಿನವೂ ಬಿಡುವಿಲ್ಲ. ಮನೆಯ ಒಲೆಯನ್ನು ಸಾವಿರಾರು ವರ್ಷ ಉಳಿಸಿದವರು ಹೆಂಗಸರು. ಗುಡಿಯ ಬೆಂಕಿ ಬಂದ ಕೂಡಲೇ ಅದು ಗಂಡಸರ ಕೆಲಸವಾಗುವುದು ಹೇಗೆ ಎಂದು ನನಗೆ ಯಾವತ್ತೂ ತಿಳಿಯಲಿಲ್ಲ. ಹಳೆ ರೋಮಿನಲ್ಲಿ ಮಾತ್ರ ಸ್ವಲ್ಪ ಬೇರೆ ಇತ್ತು. ಅಲ್ಲಿ ಒಲೆಯ ದೇವತೆ ವೆಸ್ತಾಳ ಗುಡಿಯ ಬೆಂಕಿಯನ್ನು ಆರು ಮಂದಿ ಹೆಂಗಸರು ಕಾಯುತ್ತಿದ್ದರು. ಸೇವೆ 30 ವರ್ಷ. ಹತ್ತು ವರ್ಷ ಕಲಿಯಲು, ಹತ್ತು ಮಾಡಲು, ಹತ್ತು ಕಲಿಸಲು. ಅಷ್ಟು ವರ್ಷ ಮದುವೆ ಇಲ್ಲ. ಬೆಂಕಿ ಆರಿದರೆ ಚಾಟಿ ಏಟು. ಗೌರವ ಬೇಕಾದಷ್ಟಿತ್ತು, ಬದುಕು ಇರಲಿಲ್ಲ. ಮುರನಾಡಿನಲ್ಲಿ ಬೇಕೆಂದೇ ಅದನ್ನು ಇಡಲಿಲ್ಲ. ಮೂರು ಗಂಟೆ ಕೂತು ಮನೆಗೆ ಹೋಗುತ್ತಾರೆ, ಗಂಡ ಮಕ್ಕಳ ಜೊತೆ ಜಗಳವಾಡುತ್ತಾರೆ.

ಒಂದು ಬೆಂಕಿ ನೂರಾರು ವರ್ಷ ಉರಿಯಲು ಸೌದೆ ಎಷ್ಟು ಬೇಕು, ಲೆಕ್ಕ ಹಾಕಿದ್ದೀರಾ?

ಹಾಕಿದ್ದೇನೆ. ಈ ಪ್ರಶ್ನೆ ಕೇಳಿದವರು ಅಡಿಕೆ ಬೇಯಿಸುವ ಕೆಲಸ ಬಲ್ಲವರು, ಸುಮ್ನೆ ಬಿಡುವವರಲ್ಲ. ಗಂಟೆಗೆ ಒಂದು ಕಿಲೋ ಎಂದು ಇಟ್ಟುಕೊಳ್ಳಿ. ಅದು ತೀರಾ ಸಣ್ಣ ಉರಿ. ದಿನಕ್ಕೆ 24 ಕಿಲೋ, ವರ್ಷಕ್ಕೆ 8,760 ಕಿಲೋ. ಹೆಚ್ಚುಕಮ್ಮಿ ಒಂದು ಲಾರಿ ಲೋಡು. ನೂರು ಊರಿಗೆ ನೂರು ದೊಡ್ಡೊಲೆ ಇದ್ದರೆ ನೂರು ಲೋಡು. ಹಸಿ ಮರದ ತೂಕದಲ್ಲಿ ಅರ್ಧದಷ್ಟು ನೀರೇ ಇರುತ್ತದೆ. ಅದನ್ನು ಹಾಗೇ ಒಲೆಗೆ ತುರುಕಿದರೆ ಬೆಂಕಿಯ ಬಿಸಿ ಮೊದಲು ಆ ನೀರನ್ನು ಆವಿ ಮಾಡಲು ಹೋಗುತ್ತದೆ. ಉಳಿಯುವುದು ಹೊಗೆ ಮತ್ತು ಕಣ್ಣೀರು.

ಹೀಗಾಗಿ ಈ ಧರ್ಮದ ಕಟ್ಟುಪಾಡುಗಳಲ್ಲಿ ಮುಕ್ಕಾಲು ಪಾಲು ಸೌದೆಯ ಕಟ್ಟುಪಾಡು. ನಿಂತ ಮರ ಕಡಿಯುವ ಹಾಗಿಲ್ಲ. ಬಿದ್ದದ್ದು, ಒಣಗಿದ್ದು ಮಾತ್ರ. ಮಡಲು, ಕೊತ್ತಳಿಗೆ, ತೆಂಗಿನ ಸಿಪ್ಪೆ, ಗೆರಟೆ, ಅಡಿಕೆ ಸಿಪ್ಪೆ ಎಲ್ಲವೂ ಆಗುತ್ತದೆ. ಗೇರುಬೀಜದ ಸಿಪ್ಪೆ ಮಾತ್ರ ನಿಷೇಧ. ಅದರ ಎಣ್ಣೆ ಚರ್ಮ ಸುಡುತ್ತದೆ, ಹೊಗೆ ಗಂಟಲು ಕೆರೆಯುತ್ತದೆ. "ಅಣ್ಣನಿಗೆ ಆಗುವುದಿಲ್ಲ" ಎಂದು ಅವರು ಹೇಳುತ್ತಾರೆ. ಕೂತವನಿಗೆ ಆಗುವುದಿಲ್ಲ ಎನ್ನುವುದೇ ನಿಜವಾದ ಕಾರಣ. ಮಳೆಗಾಲದ ಸೌದೆಯನ್ನು ಯುಗಾದಿಯ ಮೊದಲೇ ಅಟ್ಟಕ್ಕೆ ಏರಿಸಬೇಕು. ಒದ್ದೆ ಸೌದೆ ತಂದ ಮನೆಗೆ ದಂಡವಿಲ್ಲ, ಆದರೆ ಆ ಸೌದೆ ಒಣಗುವವರೆಗೆ ಅವರೇ ಮೂರನೇ ಜಾವ ಕೂರಬೇಕು. ಇದು ನನಗೆ ಬಹಳ ಇಷ್ಟವಾದ ಕಾನೂನು.

ಹಬ್ಬ ಯಾವುದು? ಏನು ತಿಂತಾರೆ?

ಒಂದೇ ದೊಡ್ಡ ಹಬ್ಬ, ಮಳೆ ಬರುವ ಮೊದಲು. ಅದಕ್ಕೆ "ತಣ್ಣನೆ ದಿನ" ಎಂದು ಹೆಸರು. ಅಂದು ದೊಡ್ಡೊಲೆ ಒಂದನ್ನು ಬಿಟ್ಟು ಊರಿನ ಎಲ್ಲ ಒಲೆಯನ್ನೂ ಆರಿಸುತ್ತಾರೆ. ಅವಲಕ್ಕಿ, ಬಾಳೆಹಣ್ಣು, ಸೀಯಾಳ, ಹಲಸಿನ ತೊಳೆ. ಬಿಸಿಯಾದದ್ದು ಏನೂ ಇಲ್ಲ. ರಾತ್ರಿ ಊರಿಡೀ ಕತ್ತಲು. ಮರುದಿನ ಬೆಳಿಗ್ಗೆ ಪ್ರತಿ ಮನೆಯವರು ದೊಡ್ಡೊಲೆಯಿಂದ ಒಂದೊಂದು ಕೆಂಡವನ್ನು ಗೆರಟೆಯಲ್ಲಿ ಒಯ್ಯುತ್ತಾರೆ. ಆಚೆಮನೆಯವರ ಜೊತೆ ಮಾತು ಬಿಟ್ಟಿದ್ದರೂ ಆ ದಿನ ಅವರ ಗೆರಟೆ ಹಿಂದೆಯೇ ಸಾಲಿನಲ್ಲಿ ನಿಲ್ಲಬೇಕು. ಮೊದಲ ಅಡಿಗೆ ಗಂಜಿ.

ಅವರಲ್ಲಿ ಹೇಳಬಾರದ ಮಾತು, ಮಾಡಬಾರದ ಕೆಲಸ ಏನೇನಿದೆ?

ಜಾಸ್ತಿ ಇಲ್ಲ. ಬೆಂಕಿಗೆ ಉಗುಳಬಾರದು. ದಾಟಬಾರದು. "ಆರಿತು" ಎನ್ನುವ ಶಬ್ದವನ್ನು ಮನೆಯೊಳಗೆ ಆಡಬಾರದು. ಇದನ್ನು ನಾನು ಕಟ್ಟಬೇಕಾಗಿಯೇ ಬರಲಿಲ್ಲ. ನಮ್ಮ ಹಿರಿಯರೂ ದೀಪ ಆರಿಸು ಎನ್ನುತ್ತಿರಲಿಲ್ಲ, "ದೀಪ ದೊಡ್ಡದು ಮಾಡು" ಎನ್ನುತ್ತಿದ್ದರು. ಚಿಕ್ಕವನಿದ್ದಾಗ ನಾನು ಅದನ್ನು ನಂಬಿ ಬತ್ತಿ ಏರಿಸಿ ಬೈಸಿಕೊಂಡಿದ್ದೇನೆ.

ಸತ್ತವರನ್ನು ಸುಡ್ತಾರಾ?

ಇಲ್ಲ, ಹೂಳುತ್ತಾರೆ. ನಮ್ಮಲ್ಲಿ ದೇಹವನ್ನು ಬೆಂಕಿಗೆ ಕೊಡುವುದು ಕೊನೆಯ ಆಹುತಿ. ಪಾರ್ಸಿಗಳಲ್ಲಿ ಹೆಣವನ್ನು ಬೆಂಕಿಗೆ ತಾಗಿಸುವುದೇ ದೊಡ್ಡ ತಪ್ಪು. ಬೆಂಕಿಯ ಮೇಲಿನ ಗೌರವ ಒಂದೇ, ನಡೆದ ದಾರಿ ಮಾತ್ರ ತೀರಾ ವಿರುದ್ಧ. ಮುರನಾಡಿನವರು ಎರಡನೆಯ ದಾರಿ ಹಿಡಿದಿದ್ದಾರೆ. ಅಣ್ಣನ ತಟ್ಟೆಗೆ ತಮ್ಮನನ್ನು ಬಡಿಸುವುದು ಹೇಗೆ ಎಂದು ಅವರ ಪ್ರಶ್ನೆ. ಸತ್ತವರ ಮನೆಯ ಒಲೆಯಿಂದ ಒಂದು ಹಿಡಿ ಬೆಚ್ಚಗಿನ ಬೂದಿಯನ್ನು ಎದೆಯ ಮೇಲಿಟ್ಟು ಮಣ್ಣು ಮುಚ್ಚುತ್ತಾರೆ. ಬೂದಿ ಹೊದ್ದ ಕೆಂಡದ ಹಾಗೆ.

## ಸ್ವಲ್ಪ ಗಟ್ಟಿ ಪ್ರಶ್ನೆಗಳು

ಇದು ನಮ್ಮ ಒತ್ತೆಕೋಲವನ್ನೇ ಕದ್ದದ್ದಲ್ವಾ ಮಾರಾಯ್ರೆ?

ಅಲ್ಲ, ಬೇಕೆಂದೇ ದೂರ ಇಟ್ಟಿದ್ದೇನೆ. ನಮ್ಮ ಕಡೆ ವಿಷ್ಣುಮೂರ್ತಿಯ ಒತ್ತೆಕೋಲ ನೋಡಿದವರಿಗೆ ಗೊತ್ತು. ಮನೆಯೆತ್ತರಕ್ಕೆ ಸೌದೆ ರಾಶಿ ಹಾಕಿ ರಾತ್ರಿಯಿಡೀ ಉರಿಸುತ್ತಾರೆ. ಬೆಳಗಿನ ಜಾವ ಅದು ಕೆಂಡದ ಗುಡ್ಡೆಯಾದಾಗ ದೈವ ತೆಂಗಿನ ಎಳೆಗರಿಯ ಸಿರಿ ಉಟ್ಟು ಅದರ ಮೇಲೆ ಬೀಳುತ್ತದೆ, ಏಳುತ್ತದೆ, ಮತ್ತೆ ಬೀಳುತ್ತದೆ. ಸುತ್ತ ನಿಂತವರಿಗೆ ಹತ್ತು ಹೆಜ್ಜೆ ದೂರದಲ್ಲೂ ಮುಖ ಸುಡುತ್ತದೆ. ಅದು ಇಂದಿಗೂ ನಡೆಯುವ ನಂಬಿಕೆ. ಅದನ್ನು ಕಟ್ಟುವವರ ಮೈಯ ಮೇಲಿನ ಕಲೆಗಳು ನಿಜವಾದವು. ನನ್ನ ಕಥೆಗೆ ಬಣ್ಣ ಬರಲಿ ಅಂತ ಅದನ್ನು ಎತ್ತಿಕೊಂಡು ಹೋಗುವುದು ಸರಿ ಅನ್ನಿಸಲಿಲ್ಲ. ಕಟೀಲಿನ ತೂಟೆದಾರವನ್ನೂ ಹಾಗೇ ಬಿಟ್ಟೆ. ಅತ್ತೂರು, ಕೊಡೆತ್ತೂರು ಎರಡೂ ಊರಿನವರು ಉರಿಯುವ ತೂಟೆಗಳನ್ನು (ಒಣ ಗರಿಯ ಪಂಜುಗಳನ್ನು) ಎದುರುಬದುರು ಎಸೆದಾಡುವ ಆ ರಾತ್ರಿ ಕಥೆಗೆ ಸಿಕ್ಕಿದರೆ ಯಾರಿಗಾದರೂ ಆಸೆಯಾದೀತು. ನನಗೂ ಆಗಿತ್ತು.

ಇನ್ನೊಂದು ಕಾರಣವೂ ಇದೆ. ಅವೆಲ್ಲ ಬೆಂಕಿಯ ಹಬ್ಬದ ಮುಖ, ವರ್ಷಕ್ಕೊಂದು ರಾತ್ರಿಯದ್ದು. ನನಗೆ ಬೇಕಾಗಿದ್ದದ್ದು ಉಳಿದ 364 ರಾತ್ರಿ.

ಪಾರ್ಸಿಗಳನ್ನು ನೋಡಿ ಬರೆದದ್ದಾ?

ಓದಿದ್ದೇನೆ, ಕಲಿತಿದ್ದೇನೆ. ಮೊದಲನೆಯದಾಗಿ, ಅವರನ್ನು ಬೆಂಕಿ ಪೂಜಿಸುವವರು ಎಂದರೆ ಅವರಿಗೆ ಹಿಡಿಸುವುದಿಲ್ಲ. ಅವರ ದೇವರು ಅಹುರ ಮಜ್ದ. ಬೆಂಕಿ ಅವನ ಬೆಳಕಿನ ಗುರುತು. ಗುಜರಾತಿನ ಉದ್ವಾಡದಲ್ಲಿ ಅವರ ಇರಾನ್‌ಶಾ ಎಂಬ ಬೆಂಕಿ 1742ರಿಂದ ಇದೆ. ಈ ದರ್ಜೆಯ ಬೆಂಕಿಯನ್ನು ಆತಶ್ ಬೆಹ್ರಾಮ್ ಎನ್ನುತ್ತಾರೆ. ಭಾರತದಲ್ಲಿ ಎಂಟು ಇವೆ. ಹೊಸತಾಗಿ ಒಂದನ್ನು ಕೂಡಿಸಲು 16 ಕಡೆಯ ಬೆಂಕಿ ಬೇಕು. ಕುಂಬಾರನದ್ದು, ಅಕ್ಕಸಾಲಿಗನದ್ದು, ಸಿಡಿಲು ಬಡಿದು ಹೊತ್ತಿದ್ದು ಕೂಡ. ದಿನಕ್ಕೆ ಐದು ಸಲ ಬಾಯಿಗೆ ಬಿಳಿ ಬಟ್ಟೆ ಕಟ್ಟಿಕೊಂಡು ಪುರೋಹಿತರು ಸೌದೆ ಕೊಡುತ್ತಾರೆ. ಉಸಿರು, ಎಂಜಲು ತಾಗಬಾರದು ಎಂದು.

ನಾನು ಅದನ್ನು ತಿರುಗಿಸಿದೆ. ಮುರನಾಡಿನವರು ಬೆಂಕಿಗೆ ಬಾಯಿಂದಲೇ ಊದುತ್ತಾರೆ. ಅಣ್ಣ ತಮ್ಮ ಒಂದೇ ಗಾಳಿ ಹಂಚಿಕೊಳ್ಳುವುದು ಅವರ ನಂಬಿಕೆಯ ತಿರುಳು. ಊದುಗೊಳವೆ ಅವರಿಗೆ ಶಂಖಕ್ಕಿಂತ ದೊಡ್ಡದು.

ಕಳ್ಳನನ್ನು ಕೆಂಡದ ಮೇಲೆ ನಡೆಸಿ ಸತ್ಯ ತಿಳಿಯುವುದು ಅವರಲ್ಲಿ ಇಲ್ವಾ?

ಇಲ್ಲ. ಕೆಂಡದ ಮೇಲೆ ಬೇಗ ನಡೆದು ದಾಟಬಹುದು. ಇದ್ದಿಲು ಬಿಸಿಯನ್ನು ನಿಧಾನವಾಗಿ ದಾಟಿಸುತ್ತದೆ, ಕಾಲು ತಾಗುವುದು ಒಂದು ಗಳಿಗೆ. ನಿಂತರೆ ಯಾರ ಕಾಲಾದರೂ ಬೇಯುತ್ತದೆ. ಸತ್ಯ ಹೇಳಿದವನದ್ದೂ ಬೇಯುತ್ತದೆ, ಸುಳ್ಳು ಹೇಳಿದವನದ್ದೂ ಬೇಯುತ್ತದೆ. ಮುರನಾಡಿನವರು ಒಲೆ ಬಲ್ಲವರಾದ್ದರಿಂದ ಇದು ಅವರಿಗೆ ಗೊತ್ತು. ಅಣ್ಣನನ್ನು ಪೊಲೀಸ್ ಮಾಡುವುದು ಬೇಡ ಎನ್ನುತ್ತಾರೆ.

ದೊಡ್ಡೊಲೆ ಒಂದು ಸಲ ಆರಿದರೆ? ಮತ್ತೆ ಹೊತ್ತಿಸಿದ್ದು ಅದೇ ಬೆಂಕಿಯಾ, ಬೇರೆಯಾ?

ಇದನ್ನು ಕೇಳಿದಾಗೆಲ್ಲ ನನಗೆ ಒಂದು ಚಾ ಜಾಸ್ತಿ ಕುಡಿಯಬೇಕು ಅನ್ನಿಸುತ್ತದೆ.

ಮೊದಲು ಬೆಂಕಿಯನ್ನೇ ನೋಡೋಣ. ಉರಿ ಎನ್ನುವುದು ವಸ್ತುವಲ್ಲ. ಸೌದೆ ಕಾದು ಅದರಿಂದ ಹೊರಟ ಅನಿಲ ಗಾಳಿಯ ಜೊತೆ ಸೇರಿ ಉರಿಯುವ ಜಾಗ ಅದು. ಈ ಕ್ಷಣ ಕಾಣುವ ಉರಿಯಲ್ಲಿ ಇರುವುದು ಮುಂದಿನ ಕ್ಷಣದ ಉರಿಯಲ್ಲಿ ಇಲ್ಲ. ನಿನ್ನೆಯ ಸೌದೆ ಇವತ್ತು ಬೂದಿ, ಹೊಗೆ. ಹಾಗಿದ್ದರೆ ನೂರು ವರ್ಷದ ಬೆಂಕಿ ಎಂದು ಹೇಳುವಾಗ ನೂರು ವರ್ಷದಿಂದ ಉಳಿದದ್ದು ಯಾವುದು? ಹೊಳೆಗೂ ಇದೇ ಕೇಳಬಹುದು. ಚಂದ್ರಗಿರಿಯಲ್ಲಿ ಹೋದ ವರ್ಷದ ನೀರು ಒಂದು ತೊಟ್ಟೂ ಇಲ್ಲ. ಆದರೂ ಅದು ಚಂದ್ರಗಿರಿಯೇ. ಆದರೆ ಹೊಳೆಗೆ ದಡ ಇದೆ, ಬೆಂಕಿಗೆ ಅದೂ ಇಲ್ಲ.

ಬೇರೆ ಬೇರೆ ಕಡೆ ಜನ ಬೇರೆ ಬೇರೆ ಉತ್ತರ ಹಿಡಿದಿದ್ದಾರೆ. ರೋಮಿನವರು ಪ್ರತಿ ಮಾರ್ಚ್ 1ಕ್ಕೆ ತಾವಾಗಿಯೇ ಬೆಂಕಿಯನ್ನು ಹೊಸತು ಮಾಡುತ್ತಿದ್ದರು. ಅಕಸ್ಮಾತ್ ಆರಿದರೆ ಮರಕ್ಕೆ ಮರ ಉಜ್ಜಿ ಹುಟ್ಟಿಸಬೇಕಿತ್ತು. ಇನ್ನೊಂದು ಒಲೆಯಿಂದ ತರುವ ಹಾಗಿರಲಿಲ್ಲ. ನಮ್ಮ ಯಜ್ಞದಲ್ಲೂ ಅರಣಿ ಕಡೆದೇ ಬೆಂಕಿ ಹುಟ್ಟಿಸುವುದು, ಅಶ್ವತ್ಥದ ಕಟ್ಟಿಗೆಯಿಂದ. ಅಲ್ಲಿ ಬೆಂಕಿ ಮರದೊಳಗೆ ಮಲಗಿರುತ್ತದೆ, ಎಬ್ಬಿಸಿದರೆ ಆಯಿತು. ಪಾರ್ಸಿಗಳ ದಾರಿ ಬೇರೆ. ಹಾಡಿ, ಸೋಸಿ, ಕೂಡಿಸಿದ ಆ ಬೆಂಕಿಯನ್ನು ಕಾಪಾಡಿಕೊಂಡು, ಬೇಕಿದ್ದರೆ ಹೊತ್ತುಕೊಂಡು ಓಡಬೇಕು. ಉದ್ವಾಡದ ಬೆಂಕಿಯೂ ಅಲ್ಲಿಗೆ ಬರುವ ಮೊದಲು ಬೇರೆ ಊರುಗಳಲ್ಲಿ ಇದ್ದದ್ದೇ.

ಕೆಂಡದೊಕ್ಕಲಿನಲ್ಲಿ ಈ ಪ್ರಶ್ನೆಗೆ ಜಗಳವಾಗಿದೆ, ರಕ್ತವೂ ಹರಿದಿದೆ. "ಎಳೆಯವರು" ಎಂಬ ಪಂಗಡ ಹೇಳುವುದು: ಆರಿದರೆ ಮುಗಿಯಿತು, ಪಕ್ಕದೂರಿನ ದೊಡ್ಡೊಲೆಯಿಂದ ಕೆಂಡ ತರಬೇಕು, ಎಳೆ ಕಡಿಯಬಾರದು. "ಕಡೆಯುವವರು" ಹೇಳುವುದು: ಬೆಂಕಿ ಯಾವ ಮರದಲ್ಲೂ ಇದೆ, ಉಜ್ಜು. ಕೇಳಲು ಸಣ್ಣ ವ್ಯತ್ಯಾಸ. ಆದರೆ ಮೊದಲನೆಯವರ ಪ್ರಕಾರ ಪಕ್ಕದೂರಿನ ಜೊತೆ ಜಗಳ ಮಾಡುವ ಹಾಗಿಲ್ಲ. ನಾಳೆ ಕೆಂಡ ಬೇಕಾದೀತು. ಎರಡನೆಯವರಿಗೆ ಯಾರ ಹಂಗೂ ಇಲ್ಲ. ಯುದ್ಧಕ್ಕೆ ಹೊರಟ ಅರಸರೆಲ್ಲ ಕಡೆಯುವವರೇ ಆದದ್ದು ಯಾಕೆ ಎಂದು ಈಗ ತಿಳಿಯಬಹುದು.

ನನ್ನ ಅಭಿಪ್ರಾಯ ಕೇಳಿದರೆ, ಉರಿ ಉಳಿಯುವುದಿಲ್ಲ, ಜಾವದ ಪಟ್ಟಿ ಉಳಿಯುತ್ತದೆ. ಯಾರು ಕೂತಿದ್ದರೋ ಅವರ ಸಾಲು ಕಡಿಯದಿದ್ದರೆ ಬೆಂಕಿ ಅದೇ. ನನ್ನ ಪಾತ್ರಗಳಲ್ಲಿ ಹೆಚ್ಚಿನವರು ಇದನ್ನು ಒಪ್ಪುವುದಿಲ್ಲ.

ಈ "ಬೂದಿಯವರು" ಯಾರು? ಮೂರನೇ ಕಥೆಯಲ್ಲಿ ಬಂದು ಮಾಯವಾಗ್ತಾರೆ.

ಅವರು ಇನ್ನೊಂದು ಪಂಗಡ, ಬಹಿಷ್ಕಾರಕ್ಕೆ ಒಳಗಾದವರು. ಬೆಂಕಿಯನ್ನು ಹಿಡಿದಿಡುವುದೇ ತಪ್ಪು, ಅದು ಮುಗಿಯಲಿ ಎನ್ನುತ್ತಾರೆ. ಅವರಿಗೆ ಬೂದಿ ದೊಡ್ಡದು. ಸುಮ್ನೆ ಅಲ್ಲ, ಬೂದಿಗೆ ಉಪಯೋಗ ಜಾಸ್ತಿ. ತೆಂಗಿನ ಬುಡಕ್ಕೆ ಹಾಕಿದರೆ ಪೊಟ್ಯಾಶ್. ನೀರಲ್ಲಿ ಕದಡಿ ಸೋಸಿದರೆ ಕ್ಷಾರದ ನೀರು. ಅದನ್ನು ಕೊಬ್ಬರಿ ಎಣ್ಣೆಯ ಜೊತೆ ಕಾಯಿಸಿದರೆ ಮೆತ್ತನೆಯ ಸೋಪು. ಪಾತ್ರೆ ತಿಕ್ಕಲು ಹೇಗೂ ಆಯಿತು. ಇವರ ಸುಳಿವು ನನಗೆ ಸಿಕ್ಕಿದ್ದು ಒಂದು ನಿಜವಾದ ಯಾಗದಿಂದ. 1975ರಲ್ಲಿ ತ್ರಿಶೂರು ಜಿಲ್ಲೆಯ ಪಾಂಜಾಳಿನಲ್ಲಿ 12 ದಿನ ಅತಿರಾತ್ರ ನಡೆಯಿತು. ಇಟ್ಟಿಗೆಗಳನ್ನು ಹಕ್ಕಿಯ ಆಕಾರದಲ್ಲಿ ಜೋಡಿಸಿ ಅದರ ಮೇಲೆ ಬೆಂಕಿ. ಕೊನೆಗೆ ಯಾಗಶಾಲೆಗೇ ಬೆಂಕಿ ಹಚ್ಚಿದರು. ಅಷ್ಟು ಕಷ್ಟಪಟ್ಟು ಕಟ್ಟಿದ್ದನ್ನು ಬೂದಿ ಮಾಡಿ ಎದ್ದು ಹೋಗುವ ಧೈರ್ಯ ನನಗಿಲ್ಲ. ಹಾಗಾಗಿ ಅದನ್ನು ಬೂದಿಯವರಿಗೆ ಕೊಟ್ಟೆ. ಅವರು ಐದನೇ ಕಥೆಯಲ್ಲಿ ಮತ್ತೆ ಬರುತ್ತಾರೆ.

ಬೆಂಕಿ ಅಣ್ಣನಾದರೆ ಮನೆ ಸುಟ್ಟಾಗ, ಕಾಡು ಸುಟ್ಟಾಗ ಏನು ಹೇಳ್ತಾರೆ?

ನಾವು ತಾಳಮದ್ದಳೆಯಲ್ಲಿ ಖಾಂಡವ ದಹನ ಕೇಳಿ ಬೆಳೆದವರು. ಅರಸನೊಬ್ಬನ ಯಾಗದಲ್ಲಿ 12 ವರ್ಷ ತುಪ್ಪ ಕುಡಿದು ಅಗ್ನಿಗೆ ಅಜೀರ್ಣವಾಗುತ್ತದೆ. ಮದ್ದಿಗೆ ಕಾಡೇ ಬೇಕು. ಅರ್ಥ ಹೇಳುವವರು ಅದನ್ನು ಹೇಳಿ ನಗಿಸುತ್ತಾರೆ. ಆದರೆ ಆ ಕಾಡಿನಲ್ಲಿ ಹಕ್ಕಿ, ಹಾವು, ಮರಿಗಳು ಎಲ್ಲ ಇದ್ದವು. ನನಗೆ ಚಿಕ್ಕಂದಿನಿಂದ ಆ ಪ್ರಸಂಗದಲ್ಲಿ ನಗು ಬಂದದ್ದು ಕಡಿಮೆ.

ಮುರನಾಡಿನವರ ಉತ್ತರ ಸಮಾಧಾನ ಕೊಡುವಂಥದ್ದಲ್ಲ. ಕಾಡ್ಗಿಚ್ಚು ಅಂದರೆ ಸರದಿಯವರಿಲ್ಲದ ಬೆಂಕಿ, ಅಷ್ಟೇ. ಅದು ಕೆಟ್ಟದ್ದಲ್ಲ, ತಬ್ಬಲಿ. ಮನೆ ಸುಟ್ಟವರ ಎದುರು ಈ ಮಾತು ಆಡಬಾರದೆಂದು ಕಟ್ಟುಪಾಡಿದೆ. ಅವರ ಎದುರು ಮಾಡಬೇಕಾದದ್ದು ಒಂದೇ, ಹೊಸ ಒಲೆಗೆ ಮೂರು ಕಲ್ಲು ಹೊತ್ತು ತರುವುದು.

ಮುಂದೆ ಮುರನಾಡಿಗೆ ಗ್ಯಾಸ್ ಒಲೆ ಬಂದ್ರೆ ಈ ಧರ್ಮ ಏನಾಗ್ತದೆ?

ಇದು ಒಬ್ಬ ಹುಡುಗ ಕೇಳಿದ್ದು. ಅವನ ಮನೆಯಲ್ಲಿ ಈಗ ಕಟ್ಟಿಗೆ ಒಲೆ ಇಲ್ಲ. ಅವನಿಗೆ ಬಾಕುವಿನ ಕಥೆ ಹೇಳಿದೆ. ಅಜರ್ಬೈಜಾನಿನ ಬಾಕು ನಗರದ ಪಕ್ಕ ಸುರಖಾನಿ ಎಂಬಲ್ಲಿ ಒಂದು ಬೆಂಕಿಯ ಗುಡಿ ಇದೆ. ನೆಲದೊಳಗಿನ ಅನಿಲ ತಾನಾಗಿ ಮೇಲೆ ಬಂದು ಉರಿಯುತ್ತಿತ್ತು. ಸೌದೆ ಬೇಡ, ಕಾಯುವವರು ಬೇಡ. ನಮ್ಮ ದೇಶದ ವ್ಯಾಪಾರಿಗಳು ಅಲ್ಲಿಗೆ ಹೋಗಿ ದೇವನಾಗರಿಯಲ್ಲಿ ಕಲ್ಲು ಬರಹ ಕೆತ್ತಿಸಿದ್ದಾರೆ. ಸುತ್ತಮುತ್ತ ಅನಿಲ ತೆಗೆದು ತೆಗೆದು 1969ರಲ್ಲಿ ಆ ಉರಿ ನಿಂತುಹೋಯಿತು. ಈಗ ಅಲ್ಲಿ ಉರಿಯುವುದು ಪೈಪಿನಲ್ಲಿ ತಂದ ಗ್ಯಾಸ್.

"ಹಾಗಾದ್ರೆ ಅದು ಸುಳ್ಳು ಬೆಂಕಿಯಾ?" ಎಂದು ಹುಡುಗ ಕೇಳಿದ. ಪೈಪಿನ ವಾಲ್ವು ತಿರುಗಿಸಲು ಒಬ್ಬ ಇರಬೇಕಲ್ಲ, ಅವನ ಹೆಸರನ್ನು ಎಲ್ಲಾದರೂ ಬರೆದಿಡುತ್ತಾರಾ ನೋಡಬೇಕು ಎಂದೆ. ಹುಡುಗನಿಗೆ ಉತ್ತರ ಸಾಕಾಗಲಿಲ್ಲ.

ಮುಂದಿನ ಕಥೆಯಲ್ಲಿ ದೊಡ್ಡೊಲೆ ಆರ್ತದೆ ಅಂತ ಸುದ್ದಿ. ಹೌದಾ?

ಹೌದು. ಆಟಿ ತಿಂಗಳು, ಮೂರನೇ ಜಾವ. ಅಟ್ಟದಲ್ಲಿ ಒಣ ಸೌದೆ ಬೇಕಾದಷ್ಟಿತ್ತು. ಅವತ್ತಿನ ಸರದಿ ಯಾರದ್ದು ಎಂದು ಪಟ್ಟಿಯಲ್ಲಿ ಬರೆದಿದ್ದೇನೆ, ಎರಡು ಸಲ ಅಳಿಸಿದ್ದೇನೆ. ಈಗ ಇರುವ ಹೆಸರು ನನಗೆ ಇಷ್ಟವಾದವಳದ್ದು.